ಪೀಣ್ಯದಿಂದ ಪಟ್ಟಣಕ್ಕೆ: ಒಂದು ನಕಲು ಪಿಸ್ತೂಲಿನ ಜಾಡು

ಎಲೆಕ್ಟ್ರಾನಿಕ್ ಸಿಟಿಯ ಕಂಪೆನಿಯೊಂದರಲ್ಲಿ ಕೆಲಸ ಮಾಡುವ ನಮ್ಮ ಗೆಳೆಯರೊಬ್ಬರ ಮನೆಯ ಗೋಡೆಯಲ್ಲಿ ಒಂದು ಕಾಲಕ್ಕೆ ಮೂರು ಪಿಸ್ತೂಲುಗಳು ತೂಗುತ್ತಿದ್ದವು. ಮೂರೂ ನಕಲು. ಗುಂಡು ಹಾರಿಸಲಾರದ, ನಳಿಗೆಯ ದಾರಿ ಮುಚ್ಚಿದ ಅಲಂಕಾರದ ವಸ್ತುಗಳು. ಒಂದು ಕಡಲ್ಗಳ್ಳರ ಕಾಲದ್ದು, ಇನ್ನೊಂದು ನೆಪೋಲಿಯನ್ ಕಾಲದ ಫ್ರೆಂಚ್ ಮಾದರಿ. ಮೂರನೆಯದು ಗೆಳೆಯರ ಮೆಚ್ಚಿನದು. ಅದರ ಹಿಡಿಯ ತುದಿಯಲ್ಲಿ ಹುಲಿಯ ಮುಖವಿತ್ತು, ಮೈಮೇಲೆ ಹುಲಿಪಟ್ಟೆಗಳಿದ್ದವು. ಮಾರಿದವರು ಅದಕ್ಕೆ ‘ಟಿಪ್ಪು ಸುಲ್ತಾನ್ ಪಿಸ್ತೂಲು’ ಎಂದು ಚೀಟಿ ಅಂಟಿಸಿದ್ದರು.

ಈದ್ ಹಬ್ಬದ ಮಧ್ಯಾಹ್ನ ಊಟಕ್ಕೆಂದು ನಾವು ಹೋಗಿದ್ದಾಗ ಗೆಳೆಯರ ಚಾಚಾ ಕೂಡ ಅಲ್ಲಿದ್ದರು. ಪೀಣ್ಯದ ಸಣ್ಣ ಕಾರ್ಖಾನೆಗಳ ಟೂಲ್ ರೂಮುಗಳಲ್ಲಿ ಮೂವತ್ತು ವರ್ಷ ಕೈಸವೆಸಿದವರು. ಅವರು ಆ ಪಿಸ್ತೂಲನ್ನು ಗೋಡೆಯಿಂದ ಇಳಿಸಿ, ಕನ್ನಡಕ ಹಣೆಗೇರಿಸಿ, ಹೆಬ್ಬೆರಳ ಉಗುರಿನಿಂದ ನಳಿಗೆಯ ಉದ್ದಕ್ಕೂ ಗೀರಿದರು. “ಇದು ಜಸ್ತದ ಮಿಶ್ರಲೋಹ ಬೇಟಾ, ಡೈಕಾಸ್ಟಿಂಗ್. ಎರಡು ಅಚ್ಚು ಸೇರುವ ಗೆರೆ ಕೈಗೆ ಸಿಗ್ತದೆ ನೋಡು. ಅರ ಹಾಕಿ ಉಜ್ಜಿಲ್ಲ. ಅಸಲು ಮಾಡಿದವನು ಈ ಗೆರೆ ಬಿಡ್ತಿರಲಿಲ್ಲ” ಎಂದರು.

“ಅಸಲು ಮಾಡಿದವನು ಯಾರು ಚಾಚಾ?” ಎಂದು ಗೆಳೆಯರ ಮಗಳು ಕೇಳಿದಳು.

ನಮ್ಮಲ್ಲಿ ಯಾರಿಗೂ ಉತ್ತರ ಗೊತ್ತಿರಲಿಲ್ಲ. ಟಿಪ್ಪುವಿನ ಬಗ್ಗೆ ಗಂಟೆಗಟ್ಟಲೆ ವಾದ ಮಾಡಬಲ್ಲ ನಾವು, ಆತನ ಪಿಸ್ತೂಲನ್ನು ಮಾಡಿದ ಕೈ ಯಾವುದೆಂದು ಒಮ್ಮೆಯೂ ಕೇಳಿಕೊಂಡಿರಲಿಲ್ಲ. ಈ ಲೇಖನ ಆ ಹುಡುಗಿಯ ಪ್ರಶ್ನೆಗೆ ತಡವಾಗಿ ಸಿಕ್ಕ ಉತ್ತರ.

ನಕಲಿನ ಹುಟ್ಟು

ಹಳೆಯ ಪಿಸ್ತೂಲುಗಳ ನಕಲು ಮಾಡಿ ಮಾರುವುದು ಇಂದು ಜಗತ್ತಿನಾದ್ಯಂತ ಹರಡಿರುವ ಉದ್ಯಮ. ಅದಕ್ಕೆ ದೊಡ್ಡ ಚಾಲನೆ ಸಿಕ್ಕಿದ್ದು 1950ರ ದಶಕದ ಕೊನೆಯಲ್ಲಿ. ಅಮೆರಿಕದ ಅಂತರ್ಯುದ್ಧದ ನೂರನೇ ವರ್ಷ 1961ರಲ್ಲಿ ಬರಲಿತ್ತು. ಆ ಯುದ್ಧದ ಸಮವಸ್ತ್ರ ತೊಟ್ಟು ಕಾಳಗವನ್ನು ಮತ್ತೆ ಆಡಿ ತೋರಿಸುವ ಹವ್ಯಾಸಿಗಳು ಅಲ್ಲಿ ಸಾವಿರಾರು ಮಂದಿ. ಅವರಿಗೆಲ್ಲ ಆ ಕಾಲದ ಕೋಲ್ಟ್ ರಿವಾಲ್ವರ್ ಬೇಕು, ಆದರೆ ಅಸಲು ದುಬಾರಿ. ಈ ಬೇಡಿಕೆಯನ್ನು ಪೂರೈಸಿದ್ದು ಉತ್ತರ ಇಟಲಿಯ ಗಾರ್ಡೋನೆ ವಾಲ್ ಟ್ರೋಂಪಿಯಾ ಎಂಬ ಕಣಿವೆಯ ಊರು. ಶತಮಾನಗಳಿಂದ ಬಂದೂಕು ಮಾಡಿಕೊಂಡು ಬಂದ ಊರು ಅದು. 1957ರಲ್ಲಿ ಆರಂಭವಾದ ಪೆಡೆರ್ಸೋಲಿ, 1959ರಲ್ಲಿ ಆರಂಭವಾದ ಉಬೆರ್ಟಿ ಸಂಸ್ಥೆಗಳು ಇಂದಿಗೂ ಈ ಕ್ಷೇತ್ರದ ದೊಡ್ಡ ಹೆಸರುಗಳು. ಇವರು ಮಾಡುವುದು ಮದ್ದು ತುಂಬಿ ಹಾರಿಸಬಹುದಾದ ನಕಲು. ಸ್ಪೇನಿನ ಮೆನೋರ್ಕಾ ದ್ವೀಪದ ಡೆನಿಕ್ಸ್ ಸಂಸ್ಥೆ ಇನ್ನೊಂದು ದಾರಿ ಹಿಡಿಯಿತು. ಜಸ್ತದ ಮಿಶ್ರಲೋಹದಲ್ಲಿ ಎರೆದ, ಎಂದಿಗೂ ಹಾರದ, ಗೋಡೆಗೆ ತೂಗಲಷ್ಟೇ ಯೋಗ್ಯವಾದ ನಕಲು ಅವರದ್ದು.

ಜಪಾನಿನಲ್ಲಿ ಜನಸಾಮಾನ್ಯರು ಪಿಸ್ತೂಲು ಇಟ್ಟುಕೊಳ್ಳುವಂತಿಲ್ಲ. ಅಲ್ಲಿ ಲೋಹದ ‘ಮಾದರಿ ಪಿಸ್ತೂಲು’ಗಳ ಸಂಗ್ರಹ ದೊಡ್ಡ ಹುಚ್ಚಾಗಿ ಬೆಳೆಯಿತು. ದರೋಡೆಗಳಲ್ಲಿ ಅವುಗಳ ಬಳಕೆಯಾಗತೊಡಗಿದಾಗ 1971ರಲ್ಲಿ ಸರಕಾರ ಕಾನೂನು ಬಿಗಿಗೊಳಿಸಿತು: ಲೋಹದ ಮಾದರಿ ಪಿಸ್ತೂಲಿಗೆ ಬಿಳಿ ಇಲ್ಲವೇ ಹಳದಿ ಬಣ್ಣ ಬಳಿಯಬೇಕು, ನಳಿಗೆ ಮುಚ್ಚಬೇಕು.

ನಕಲು ಸಂಗ್ರಹಿಸುವವರನ್ನು ನೋಡಿ ನಗುವವರಿದ್ದಾರೆ. ನಾವು ಹಾಗೆ ನಗಲಾರೆವು. ಅಸಲು ಲಂಡನ್ನಿನ ಗಾಜಿನ ಪೆಟ್ಟಿಗೆಯಲ್ಲಿರುವಾಗ, ಅದರ ತೂಕ ಎಷ್ಟು, ಹಿಡಿ ಅಂಗೈಯಲ್ಲಿ ಹೇಗೆ ಕೂರುತ್ತದೆ ಎಂದು ತಿಳಿಯಲು ಸಾಮಾನ್ಯನಿಗೆ ನಕಲಲ್ಲದೆ ಬೇರೆ ದಾರಿಯಿಲ್ಲ. ಬೆಂಗಳೂರಿನ ಟಿಪ್ಪು ಬೇಸಗೆ ಅರಮನೆಯಲ್ಲೂ ನಾವು ಮಕ್ಕಳಿಗೆ ತೋರಿಸುವುದು ಟಿಪ್ಪುವಿನ ಹುಲಿಯ ನಕಲನ್ನೇ. ಅಸಲು ಲಂಡನ್ನಿನ ವಿಕ್ಟೋರಿಯಾ ಮತ್ತು ಆಲ್ಬರ್ಟ್ ಮ್ಯೂಸಿಯಮ್ಮಿನಲ್ಲಿದೆ.

ಪಟ್ಟಣದ ಕಾರ್ಖಾನೆಗಳು

ಚಾಚಾ ಅವರ ಮಾತಿಗೆ ಮರಳೋಣ. ಗೆರೆ ಬಿಡದ ಆ ಕೈ ಎಲ್ಲಿತ್ತು?

ಶ್ರೀರಂಗಪಟ್ಟಣದಲ್ಲಿತ್ತು. ಟಿಪ್ಪುವಿನ ಬಂದೂಕುಗಳ ಮೇಲೆ ಊರಿನ ಹೆಸರು ‘ಪಟನ್’ ಎಂದು ಫಾರಸಿಯಲ್ಲಿ ಕೆತ್ತಿರುತ್ತದೆ. ನಮ್ಮ ಹಳ್ಳಿಗರು ಇಂದಿಗೂ ‘ಪಟ್ಟಣ’ ಎನ್ನುವ ಅದೇ ಊರು. 1799ರ ಮೇ 4ರಂದು ಕೋಟೆ ಬಿದ್ದ ಮೇಲೆ ಇಂಗ್ಲಿಷರು ಅಲ್ಲಿ ಸಿಕ್ಕಿದ್ದೆಲ್ಲವನ್ನೂ ಪಟ್ಟಿ ಮಾಡಿದರು. ಫಿರಂಗಿಗಳೇ 929. ಬಂದೂಕುಗಳು ಸುಮಾರು 99 ಸಾವಿರ. ಆದರೆ ನಮ್ಮ ಗಮನ ಸೆಳೆಯಬೇಕಾದದ್ದು ಅದೇ ಪಟ್ಟಿಯ ಇನ್ನೊಂದು ಭಾಗ. ಸಣ್ಣ ಆಯುಧಗಳನ್ನು ಮಾಡುವ, ಸಜ್ಜುಗೊಳಿಸುವ ಶಾಲೆಗಳು 11. ಫಿರಂಗಿ ಎರೆಯುವ ಎರಕಶಾಲೆಗಳು 2. ಫಿರಂಗಿ, ಬಂದೂಕುಗಳ ನಳಿಗೆ ಕೊರೆಯುವ ಯಂತ್ರಗಳಿದ್ದ ಕಟ್ಟಡಗಳು 3. ದೊಡ್ಡ ಆಯುಧಾಗಾರಗಳು 4. ಕತ್ತಿ ಮತ್ತಿತರ ಸಾಮಾನು ತುಂಬಿದ ಉಗ್ರಾಣಗಳು 17.

ನಳಿಗೆ ಕೊರೆಯುವ ಯಂತ್ರಗಳ ಮೂರು ಕಟ್ಟಡಗಳು! ಇಂದು ಪೀಣ್ಯದ ಯಾವುದೇ ಅಡ್ಡರಸ್ತೆಗೆ ಹೋದರೆ ಕೇಳಿಸುವ ಬೋರಿಂಗ್ ಯಂತ್ರದ ಸದ್ದಿಗೆ ಇನ್ನೂರು ವರ್ಷಕ್ಕೂ ಹಿಂದಿನ ಪೂರ್ವಜರಿದ್ದರು ಎಂದ ಹಾಗಾಯಿತು.

ಪಟ್ಟಣವೊಂದೇ ಅಲ್ಲ. ಬೆಂಗಳೂರು, ಚಿತ್ರದುರ್ಗ, ನಗರ ಇಲ್ಲೆಲ್ಲ ಟಿಪ್ಪುವಿನ ಕಾರ್ಖಾನೆಗಳಿದ್ದವು. ‘ತಾರಾಮಂಡಲ’ ಎಂದು ಕರೆಯಲಾಗುತ್ತಿದ್ದ ಈ ಶಾಲೆಗಳಲ್ಲಿ ಬಂದೂಕಿನ ಜೊತೆಗೆ ಕತ್ತರಿ, ಚಾಕು, ಗಡಿಯಾರದಂತಹ ವಸ್ತುಗಳೂ ತಯಾರಾಗುತ್ತಿದ್ದವು. ಬೆಂಗಳೂರಿನ ಹಳೆ ಪೇಟೆಯಲ್ಲಿ ತಾರಾಮಂಡಲಪೇಟೆ ಎಂಬ ಹೆಸರು ಇಂದಿಗೂ ಉಳಿದಿದೆ. ಅಲ್ಲಿ ಸಾಮಾನು ಕೊಳ್ಳಲು ಹೋಗುವ ಎಷ್ಟು ಜನರಿಗೆ ಆ ಹೆಸರಿನ ಹಿಂದಿನ ಕಥೆ ಗೊತ್ತಿದೆಯೋ!

ಕಬ್ಬಿಣಕ್ಕೂ ಬೆಂಗಳೂರಿನ ಸುತ್ತ ಕೊರತೆಯಿರಲಿಲ್ಲ. ಟಿಪ್ಪು ಮಡಿದ ಮರುವರ್ಷ, ಅಂದರೆ 1800ರಲ್ಲಿ ಈ ಸೀಮೆಯಲ್ಲಿ ಸುತ್ತಾಡಿದ ಫ್ರಾನ್ಸಿಸ್ ಬುಕಾನನ್, ಮಾಗಡಿ ಸುತ್ತಿನಲ್ಲಿ ಕಬ್ಬಿಣ ಕರಗಿಸುವ ಕುಲುಮೆಗಳನ್ನು, ಮಧುಗಿರಿ ಕಡೆಯ ಚನ್ನರಾಯನದುರ್ಗದಲ್ಲಿ ಉಕ್ಕು ಮಾಡುವವರನ್ನು ಕಂಡು ಬರೆದಿದ್ದಾನೆ. ಚನ್ನಪಟ್ಟಣದ ಉಕ್ಕಿನ ತಂತಿ ಸಂಗೀತ ವಾದ್ಯಗಳಿಗಾಗಿ ದೂರದೂರಿಗೆ ಹೋಗುತ್ತಿತ್ತು. ಇಂಗ್ಲಿಷರು ನಮ್ಮ ಉಕ್ಕನ್ನು ‘ವೂಟ್ಸ್’ ಎಂದು ಕರೆದು ಪರೀಕ್ಷೆಗಾಗಿ ತಮ್ಮ ದೇಶಕ್ಕೆ ಒಯ್ದರು. ಆ ಶಬ್ದ ಕನ್ನಡದ ‘ಉಕ್ಕು’ವಿನಿಂದಲೇ ಹುಟ್ಟಿದ್ದು ಎಂಬುದು ಬಹುಮಂದಿ ಒಪ್ಪಿದ ಮಾತು.

ಹಾಗೆಂದು ಎಲ್ಲವೂ ಇಲ್ಲೇ ಹುಟ್ಟಿತು ಎಂದರೆ ಸುಳ್ಳಾಗುತ್ತದೆ. ಟಿಪ್ಪು ಕಲಿಯಲು ನಾಚಿದವನಲ್ಲ. 1788ರಲ್ಲಿ ಆತನ ಮೂವರು ರಾಯಭಾರಿಗಳು, ಮುಹಮ್ಮದ್ ದರ್ವೇಶ್ ಖಾನ್, ಅಕ್ಬರ್ ಅಲಿ ಖಾನ್ ಮತ್ತು ಮುಹಮ್ಮದ್ ಉಸ್ಮಾನ್ ಖಾನ್, ಫ್ರಾನ್ಸಿಗೆ ಹೋಗಿ ವರ್ಸೇಲ್ಸ್ ಅರಮನೆಯಲ್ಲಿ ಹದಿನಾರನೇ ಲೂಯಿಯನ್ನು ಭೇಟಿಯಾದರು. ಕೇಳಿದ್ದು ಸೈನ್ಯವನ್ನಷ್ಟೇ ಅಲ್ಲ. ಬಂದೂಕು ಮಾಡುವವರು, ಫಿರಂಗಿ ಎರೆಯುವವರು, ಗಡಿಯಾರ ಮಾಡುವವರು, ಗಾಜು ಮತ್ತು ಪಿಂಗಾಣಿ ಕೆಲಸದವರನ್ನೂ ಕೇಳಿದರು. ಸೈನ್ಯ ಸಿಗಲಿಲ್ಲ, ಕುಶಲಕರ್ಮಿಗಳು ಸಿಕ್ಕರು. ಫ್ರೆಂಚರ ಮಾದರಿಯನ್ನು ನೋಡಿ ಮಾಡಿದ್ದು, ಬಳಿಕ ಅದಕ್ಕೆ ಮೈಸೂರಿನ ಮೈಯನ್ನೂ ಮುಖವನ್ನೂ ಕೊಟ್ಟದ್ದು, ಇದು ಪಟ್ಟಣದ ಕಮ್ಮಾರನ ಸಾಧನೆ. ಹಾಗೆ ನೋಡಿದರೆ ನಾವಿಂದು ‘ಅಸಲು’ ಎನ್ನುವ ಪಿಸ್ತೂಲಿನ ಹಿಂದೆಯೂ ಒಂದು ನಕಲು ಇದೆ. ನಕಲು ಮಾಡುತ್ತಾ ಮಾಡುತ್ತಾ ತನ್ನದನ್ನು ಮಾಡಿಕೊಳ್ಳುವುದೇ ಕಸುಬಿನ ದಾರಿಯಲ್ಲವೇ?

ಪಿಸ್ತೂಲಿನ ಮೈಮೇಲಿನ ಬರಹ

ಆ ಕಾಲದ ಪಿಸ್ತೂಲು ಚಕಮಕಿಯದು. ಸುತ್ತಿಗೆಯ ಬಾಯಲ್ಲಿ ಕಚ್ಚಿಸಿದ ಚಕಮಕಿ ಕಲ್ಲು ಉಕ್ಕಿನ ತಟ್ಟೆಗೆ ಬಡಿದು ಕಿಡಿ ಹಾರಿಸುತ್ತದೆ. ಕಿಡಿ ಕೆಳಗಿನ ಪುಟ್ಟ ಬಟ್ಟಲಿನ ಮದ್ದಿಗೆ ಬಿದ್ದು, ಅಲ್ಲಿಂದ ಬೆಂಕಿ ಸಣ್ಣ ತೂತಿನ ಮೂಲಕ ನಳಿಗೆಯೊಳಕ್ಕೆ ಹೋಗುತ್ತದೆ. ಇದರಲ್ಲಿ ಕಷ್ಟದ ಕೆಲಸ ಕಣ್ಣಿಗೆ ಕಾಣುವ ಬೆಳ್ಳಿಯ ಕುಸುರಿಯಲ್ಲ. ಒಳಗೆ ಅಡಗಿರುವ ಬಾಗಿದ ಪಟ್ಟಿ ಸ್ಪ್ರಿಂಗು. ಹದ ಹೆಚ್ಚಾದರೆ ಮುರಿಯುತ್ತದೆ, ಕಡಿಮೆಯಾದರೆ ಕಲ್ಲು ಬಡಿಯುವ ಬಿರುಸು ಸಾಲದೆ ಕಿಡಿ ಬೀಳುವುದಿಲ್ಲ. ಉಷ್ಣಮಾಪಕವಿಲ್ಲದ ಕಾಲದಲ್ಲಿ, ಕಾದ ಉಕ್ಕಿನ ಬಣ್ಣ ನೋಡಿಯೇ ಈ ಹದ ಹಿಡಿಯಬೇಕಿತ್ತು. ಇದನ್ನು ನಾವು ಹೇಳಿದಾಗ ಚಾಚಾ ನಕ್ಕು, “ಗಡಿಯಾರದ ಸ್ಪ್ರಿಂಗಿಗೂ ಇದೇ ಕಷ್ಟ” ಎಂದರು. ಟಿಪ್ಪು ಫ್ರಾನ್ಸಿನಿಂದ ಬಂದೂಕಿನವನ ಜೊತೆಗೇ ಗಡಿಯಾರದವನನ್ನೂ ಕೇಳಿದ್ದು ನಮಗೆ ಆಗ ನೆನಪಾಯಿತು. ಎರಡೂ ಒಂದೇ ಬಗೆಯ ಕೈ ಬೇಡುವ ಕೆಲಸಗಳು.

ಟಿಪ್ಪುವಿನ ಖಾಸಗಿ ಆಯುಧಗಳ ಮೇಲೆ ಹುಲಿಯಿಲ್ಲದ ಜಾಗ ಕಡಿಮೆ. ಸುತ್ತಿಗೆ ಹುಲಿ, ನಳಿಗೆಯ ಬಾಯಿ ಹುಲಿ, ಹಿಡಿ ಹುಲಿ. ‘ಬಬ್ರಿ’ ಎಂದು ಕರೆಯುವ ಹುಲಿಪಟ್ಟೆಯ ಗುರುತು ಎಲ್ಲೆಡೆ. ನಾಲ್ಕು ಮನೆಗಳಾಗಿ ಸೀಳಿದ ಚೌಕದಲ್ಲಿ ‘ಹೈದರ್’ ಹೆಸರಿನ ಮುದ್ರೆ. ಜೊತೆಗೆ ತಯಾರಾದ ಊರು ಮತ್ತು ವರ್ಷ.

ಈ ವರ್ಷದ ವಿಚಾರದಲ್ಲಿ ಒಂದು ಸ್ವಾರಸ್ಯವಿದೆ. 1787ರಲ್ಲಿ ಟಿಪ್ಪು ಹಿಜರಿ ಶಕೆಯನ್ನು ಬಿಟ್ಟು ‘ಮೌಲೂದಿ’ ಎಂಬ ಹೊಸ ಶಕೆಯನ್ನು ಜಾರಿಗೆ ತಂದ. ಆ ವರ್ಷ ಮೌಲೂದಿ 1215 ಆಯಿತು. ಅಷ್ಟೇ ಅಲ್ಲ, ಅಂಕೆಗಳನ್ನು ಬಲದಿಂದ ಎಡಕ್ಕೆ ಬರೆಯುವ ಪದ್ಧತಿ ತಂದ. ಆದುದರಿಂದ 1794ರ ಸುಮಾರಿಗೆ ಮಾಡಿದ ಬಂದೂಕಿನ ಮೇಲೆ ಮೌಲೂದಿ 1222 ಎಂಬುದು, ನಮ್ಮ ರೂಢಿಯ ಕಣ್ಣಿಗೆ, 2221 ಎಂದು ಕಾಣುತ್ತದೆ. ಗೊತ್ತಿಲ್ಲದವನು ನಕಲು ಮಾಡಹೊರಟರೆ ಇಲ್ಲೇ ಎಡವುತ್ತಾನೆ. ಗೆಳೆಯರ ಗೋಡೆಯ ಪಿಸ್ತೂಲಿನಲ್ಲಿ ವರ್ಷವೇ ಇರಲಿಲ್ಲ. ಫಾರಸಿಯಂತೆ ಕಾಣುವ ಕೆಲವು ವಕ್ರಗೆರೆಗಳಿದ್ದವು, ಓದಿದರೆ ಯಾವ ಅಕ್ಷರವೂ ಅಲ್ಲ.

ಹುಡುಗಿಯ ಪ್ರಶ್ನೆಗೆ ಉತ್ತರವೂ ಈ ಬರಹದಲ್ಲೇ ಇದೆ. ಟಿಪ್ಪುವಿನ ಉತ್ತಮ ಬಂದೂಕುಗಳ ಮೇಲೆ ಮಾಡಿದವನ ಹೆಸರೂ ಇರುತ್ತದೆ. ಅಸದ್ ಖಾನ್ ಮುಹಮ್ಮದ್, ಸಯ್ಯದ್ ಮಾಸೂಮ್ ಎಂಬಂತಹ ಹೆಸರುಗಳು. ದೊರೆಯ ಆಯುಧದ ಮೇಲೆ ಕಮ್ಮಾರ ತನ್ನ ಹೆಸರು ಬರೆದುಕೊಳ್ಳಬಹುದಾದ ಕಾಲ ಅದು. ಪೀಣ್ಯದ ಚಾಚಾ ಮೂವತ್ತು ವರ್ಷದಲ್ಲಿ ಮಾಡಿದ ಸಾವಿರಾರು ಬಿಡಿಭಾಗಗಳಲ್ಲಿ ಒಂದರ ಮೇಲೂ ಅವರ ಹೆಸರಿಲ್ಲ.

ಟಿಪ್ಪುವಿನ ಬಂದೂಕುಗಳ ಬಗ್ಗೆ ಆಳವಾದ ಅಧ್ಯಯನ ಮಾಡಿದವರು ನಮ್ಮವರಲ್ಲ, ಇಂಗ್ಲೆಂಡಿನ ಸಂಗ್ರಾಹಕ ರಾಬಿನ್ ವಿಗಿಂಗ್ಟನ್. ಅವರ ಪುಸ್ತಕ ಹೊರಬಂದದ್ದು 1992ರಲ್ಲಿ. ನಮ್ಮ ಕಮ್ಮಾರರ ಹೆಸರನ್ನು ನಾವು ಅವರ ಪುಸ್ತಕದಿಂದ ಕಲಿಯಬೇಕಾಗಿದೆ.

ಚೆದುರಿದ ಆಸ್ತಿ

ಬೆಂಗಳೂರಿನ ಹೊರವಲಯಕ್ಕೂ ಈ ಕಥೆಗೂ ಇರುವ ನಂಟು ಹಳೆಯದು. 1791ರ ಮಾರ್ಚ್ ಆರಂಭದಲ್ಲಿ ಕಾರ್ನ್‌ವಾಲಿಸನ ಸೈನ್ಯ ಕೋಲಾರ, ಹೊಸಕೋಟೆಗಳನ್ನು ದಾಟಿ ಬೆಂಗಳೂರಿಗೆ ಬಂತು. ಇಂದು ವೈಟ್‌ಫೀಲ್ಡಿಗೆ ಹೋಗುವ ಬಸ್ಸುಗಳು ಗಂಟೆಗಟ್ಟಲೆ ನಿಲ್ಲುವ ಆಚೀಚೆಯ ಬಯಲು ಅದು. ವೈಟ್‌ಫೀಲ್ಡ್ ಎಂಬ ಊರು ಹುಟ್ಟಿದ್ದು ತೊಂಬತ್ತು ವರ್ಷಗಳ ನಂತರ, 1882ರಲ್ಲಿ. ಮಾರ್ಚ್ 7ಕ್ಕೆ ಪೇಟೆ ಬಿತ್ತು, 21ರ ರಾತ್ರಿ ಕೋಟೆ ಬಿತ್ತು. ಕಿಲ್ಲೇದಾರ ಬಹಾದ್ದೂರ್ ಖಾನ್ ಹೋರಾಡುತ್ತಾ ಮಡಿದ.

ಎಂಟು ವರ್ಷಗಳ ಬಳಿಕ ಪಟ್ಟಣಕ್ಕೂ ಅದೇ ಗತಿ. ಗೆದ್ದವರು ಅರಮನೆಯ ಆಸ್ತಿಯನ್ನು ತಮ್ಮ ಸೈನ್ಯದಲ್ಲಿ ಹುದ್ದೆಗೆ ತಕ್ಕಂತೆ ಹಂಚಿಕೊಂಡರು. ಹುಲಿಮುಖದ ಪಿಸ್ತೂಲು, ಬಂದೂಕುಗಳು ಅಧಿಕಾರಿಗಳ ಪೆಟ್ಟಿಗೆ ಸೇರಿ ಇಂಗ್ಲೆಂಡಿನ ಹಳ್ಳಿಮನೆಗಳಿಗೆ ಹೋದವು. ಕಮ್ಮಾರರು ಎಲ್ಲಿಗೆ ಹೋದರು? ಟಿಪ್ಪುವಿನ ಕಾಲದಲ್ಲಿ ಪಟ್ಟಣದಲ್ಲಿ ಒಂದೂವರೆ ಲಕ್ಷ ಜನರಿದ್ದರೆಂಬ ಅಂದಾಜನ್ನೂ, ತಾನು ಹೋದಾಗ ಉಳಿದಿದ್ದವರು ಸುಮಾರು 32 ಸಾವಿರ ಎಂಬುದನ್ನೂ ಬುಕಾನನ್ ದಾಖಲಿಸಿದ್ದಾನೆ. ಬಂದೂಕಿನ ಮಾಲಕರ ವಂಶಾವಳಿ ಹರಾಜು ಪಟ್ಟಿಗಳಲ್ಲಿ ಅಚ್ಚಾಗುತ್ತದೆ. ಬಂದೂಕು ಮಾಡಿದವರ ವಂಶಾವಳಿ ಆ ಚೆದುರಿದ ಜನರ ಜೊತೆಗೇ ಚೆದುರಿತು.

ಈಗ ಆ ಪೆಟ್ಟಿಗೆಗಳು ಒಂದೊಂದಾಗಿ ತೆರೆಯುತ್ತಿವೆ. 2015ರ ಏಪ್ರಿಲಿನಲ್ಲಿ ಲಂಡನ್ನಿನ ಬೋನಮ್ಸ್ ಹರಾಜಿನಲ್ಲಿ ಟಿಪ್ಪುವಿಗೆ ಸಂಬಂಧಿಸಿದ 30 ವಸ್ತುಗಳು ಒಟ್ಟು 60 ಲಕ್ಷ ಪೌಂಡಿಗೂ ಹೆಚ್ಚಿಗೆ ಹೋದವು. 2019ರ ಮಾರ್ಚಿನಲ್ಲಿ ಬರ್ಕ್‌ಶೈರಿನ ಮನೆಯೊಂದರ ಅಟ್ಟದಲ್ಲಿ ಸಿಕ್ಕಿದ್ದ ಬೆಳ್ಳಿ ಕಟ್ಟಿನ ಬಂದೂಕೊಂದು 60 ಸಾವಿರ ಪೌಂಡಿಗೆ ಮಾರಾಟವಾಯಿತು. ಈಸ್ಟ್ ಇಂಡಿಯಾ ಕಂಪೆನಿಯ ಮೇಜರ್ ಥಾಮಸ್ ಹಾರ್ಟ್ ಪಟ್ಟಣದಿಂದ ಒಯ್ದದ್ದು ಅದು. 2023ರ ಮೇಯಲ್ಲಿ ಟಿಪ್ಪುವಿನ ಶಯನಗೃಹದ ಖಡ್ಗಕ್ಕೆ ಬಂದ ಬೆಲೆ ಸುಮಾರು 1 ಕೋಟಿ 40 ಲಕ್ಷ ಪೌಂಡ್. ಹೆಸರಿಗೆ ಇಷ್ಟು ಬೆಲೆ ಬಂದ ಮೇಲೆ ಮೋಸವೂ ಹಿಂದೆಯೇ ಬರುತ್ತದೆ. ನಕಲನ್ನು ನಕಲೆಂದು ಮಾರಿದರೆ ವ್ಯಾಪಾರ. ಅದಕ್ಕೆ ಹೊಗೆ ಹಿಡಿಸಿ, ತುಕ್ಕು ಹತ್ತಿಸಿ, ಹುಲಿಪಟ್ಟೆ ಗೀಚಿ ಅಸಲೆಂದು ಮಾರಿದರೆ ವಂಚನೆ. ಸಂಗ್ರಾಹಕರು ಈ ಗೆರೆಯನ್ನು ಗುರುತಿಸಬೇಕು.

ಉಳಿದಿರುವುದನ್ನು ಜೋಪಾನ ಮಾಡಲು ನಮಗೆ ಬಾರದು ಎನ್ನಲಾಗದು. 2017ರಲ್ಲಿ ಬೆಂಗಳೂರು–ಮೈಸೂರು ಜೋಡಿ ರೈಲುಮಾರ್ಗಕ್ಕೆ ಅಡ್ಡ ಬಂದ ಟಿಪ್ಪುವಿನ ಮದ್ದಿನಮನೆಯನ್ನು ಒಡೆಯದೆ, ಇಡಿಯಾಗಿ ಎತ್ತಿ ನೂರಕ್ಕೂ ಹೆಚ್ಚು ಮೀಟರ್ ದೂರಕ್ಕೆ ಸರಿಸಲಾಯಿತು. 2018ರಲ್ಲಿ ಹೊಸನಗರ ತಾಲೂಕಿನ ನಗರದಲ್ಲಿ ಹಾಳುಬಾವಿಯ ಹೂಳು ತೆಗೆದಾಗ ಸಾವಿರದಷ್ಟು ರಾಕೆಟ್ಟುಗಳು ಸಿಕ್ಕವು. ಈಗ ಅವು ಶಿವಮೊಗ್ಗದ ಸರಕಾರಿ ವಸ್ತುಸಂಗ್ರಹಾಲಯದ ಆಸ್ತಿ. ಬಾವಿಯ ಕೆಸರು ಇಂಗ್ಲಿಷರ ಕಣ್ಣಿಗೆ ಬೀಳದೆ ಕಾಪಾಡಿದ ಅಸಲು ಅದು.

ಕಾನೂನು, ಗೋಡೆ ಮತ್ತು ಅಮ್ಮಿ

ನಕಲು ಸಂಗ್ರಹದ ಹವ್ಯಾಸವಿರುವವರು ಕಾನೂನನ್ನೂ ತಿಳಿದಿರಬೇಕು. 1959ರ ಆಯುಧ ಕಾಯ್ದೆಯ 45ನೇ ಕಲಮು, ದುರಸ್ತಿ ಮಾಡಿದರೂ ಮಾಡದಿದ್ದರೂ ಬಂದೂಕಾಗಿ ಬಳಸಲಾಗದ ಪುರಾತನ ಆಯುಧಗಳಿಗೆ ವಿನಾಯಿತಿ ನೀಡುತ್ತದೆ. ಆದರೆ ನಕಲು ಬಂದೂಕನ್ನು ಪರವಾನಗಿ ಇಲ್ಲದೆ ಹಾರುವ ಬಂದೂಕಾಗಿ ಮಾರ್ಪಡಿಸುವುದು ಅದೇ ಕಾಯ್ದೆಯ 6ನೇ ಕಲಮಿನ ಪ್ರಕಾರ ನಿಷಿದ್ಧ. ಮದ್ದು ತುಂಬಿ ಹಾರಿಸಬಹುದಾದ ಇಟಲಿಯ ನಕಲು ‘ಬರೀ ನಕಲು’ ಅಲ್ಲ, ಅದು ಬಂದೂಕೇ. ನೂರು ವರ್ಷ ಮೀರಿದ ಅಸಲು ವಸ್ತು ಕೈಗೆ ಬಂದರೆ 1972ರ ಪುರಾತನ ವಸ್ತುಗಳ ಕಾಯ್ದೆ ಅನ್ವಯವಾಗುತ್ತದೆ. ಅದನ್ನು ಖಾಸಗಿಯವರು ದೇಶದಿಂದ ಹೊರಗೆ ಕಳಿಸುವಂತಿಲ್ಲ.

ಆದರೆ ಗೆಳೆಯರ ಗೋಡೆಯಿಂದ ಪಿಸ್ತೂಲುಗಳು ಇಳಿದದ್ದು ಯಾವ ಕಲಮಿನಿಂದಲೂ ಅಲ್ಲ. ಊರಿನಿಂದ ಬಂದ ಅವರ ತಾಯಿ ಮೂರು ದಿನ ಅವನ್ನು ನೋಡಿ, ನಾಲ್ಕನೇ ದಿನ ಮೆಲ್ಲಗೆ ಹೇಳಿದರಂತೆ: “ನಮ್ಮಂಥವರ ಮನೆ ಗೋಡೆಯಲ್ಲಿ ಇದು ಬೇಡ ಮಗಾ. ನಕಲು ಅಂತ ನಿನಗೆ ಗೊತ್ತು. ಬಾಗಿಲಲ್ಲಿ ನಿಂತು ನೋಡುವವನಿಗೆ ಗೊತ್ತಾ?”

ಗೆಳೆಯರು ವಾದ ಮಾಡಲಿಲ್ಲ. ಅದೇ ಅಪಾರ್ಟ್‌ಮೆಂಟಿನ ಮೇಲಿನ ಮಹಡಿಯ ಮನೆಯಲ್ಲಿ ತಾತನ ಕಾಲದ ಕೋವಿ ಹೂವಿನ ಹಾರದೊಂದಿಗೆ ತೂಗುತ್ತಿದೆ. ಕೊಡಗಿನ ಕುಟುಂಬ ಅದು. 1861ರಿಂದ ಕೊಡವರಿಗೆ ಕೋವಿ ಪರವಾನಗಿಯಿಂದ ವಿನಾಯಿತಿ ಇದೆ. ಕೈಲ್‌ಪೊಳ್ದ್ ಹಬ್ಬದಲ್ಲಿ ಅವರು ಕೋವಿಗೆ ಪೂಜೆ ಸಲ್ಲಿಸುತ್ತಾರೆ. ಅವರ ಹಕ್ಕಿನ ಬಗ್ಗೆ ನಮಗೆ ಅಸೂಯೆಯಿಲ್ಲ, ಅದು ಅವರ ಪರಂಪರೆ. ಆ ಮನೆಯ ಹಿರಿಯರಿಗೆ ಟಿಪ್ಪುವಿನ ಪಿಸ್ತೂಲು ಕಂಡರೆ ಬೇರೆಯೇ ನೆನಪುಗಳು ಬರಬಹುದು ಎಂಬುದನ್ನೂ ನಾವು ಬಲ್ಲೆವು. ಪಟ್ಟಣದಲ್ಲಿ ಮಾಡಿದ ಬಂದೂಕುಗಳು ಇಂಗ್ಲಿಷರ ಮೇಲೆ ಮಾತ್ರ ಹಾರಲಿಲ್ಲ, ಕೊಡಗು, ಮಲಬಾರಿನ ಜನರ ಮೇಲೂ ಹಾರಿದವು. ಅದನ್ನು ಮುಚ್ಚಿಟ್ಟು ಹುಲಿಮುಖವನ್ನಷ್ಟೇ ಹೊಳೆಸುವುದು ಇತಿಹಾಸವಲ್ಲ, ಅದೂ ಒಂದು ಬಗೆಯ ನಕಲೇ. ಆದರೂ ಒಂದೇ ಕಟ್ಟಡದ ಎರಡು ಗೋಡೆಗಳಲ್ಲಿ, ಒಂದು ಅಸಲಿಗೆ ಇರುವ ನೆಮ್ಮದಿ ಇನ್ನೊಂದು ನಕಲಿಗೆ ಇಲ್ಲವಲ್ಲ ಎಂಬುದು ನಮ್ಮನ್ನು ಕಾಡದೆ ಬಿಡಲಿಲ್ಲ.

ಚಾಚಾ ಕೊಟ್ಟ ವಸ್ತು

1953ರಲ್ಲಿ ಜಾಲಹಳ್ಳಿಯಲ್ಲಿ ಎಚ್‌ಎಂಟಿ ಬಂತು. ಮರುವರ್ಷ ಬಿಇಎಲ್. ಎಪ್ಪತ್ತರ ದಶಕದಲ್ಲಿ ಪಕ್ಕದಲ್ಲೇ ಪೀಣ್ಯ ಬೆಳೆಯಿತು. 1978ರಲ್ಲಿ ಕೋನಪ್ಪನ ಅಗ್ರಹಾರ, ದೊಡ್ಡತೋಗೂರಿನ ಹೊಲಗಳಲ್ಲಿ ಎಲೆಕ್ಟ್ರಾನಿಕ್ ಸಿಟಿ ತಲೆಯೆತ್ತಿತು. ಬೆಂಗಳೂರಿನ ಕೈಗಾರಿಕೆಯ ಕಥೆಯನ್ನು ನಾವು ಸಾಮಾನ್ಯವಾಗಿ ಇಲ್ಲಿಂದ ಆರಂಭಿಸುತ್ತೇವೆ. ತಾರಾಮಂಡಲಪೇಟೆಯಿಂದ ಆರಂಭಿಸಿದರೆ ಕಥೆಗೆ ನೂರೈವತ್ತು ವರ್ಷಗಳಿಗೂ ಹೆಚ್ಚಿನ ಬೇರು ಸಿಗುತ್ತದೆ. ಎಚ್‌ಎಂಟಿ ಗಡಿಯಾರ 2016ರಲ್ಲಿ ನಿಂತುಹೋಯಿತು. ಕೈಯಲ್ಲಿ ಹದ ಉಳಿದಿರುವ ಚಾಚಾನಂಥವರು ಇನ್ನೂ ಇದ್ದಾರೆ. ಅವರನ್ನು ಕೇಳಿ ಬರೆದುಕೊಳ್ಳುವವರು ಬೇಕಾಗಿದ್ದಾರೆ. ಪಟ್ಟಣದ ಕಮ್ಮಾರರನ್ನು 1799ರಲ್ಲಿ ಯಾರೂ ಕೇಳಿ ಬರೆದುಕೊಳ್ಳಲಿಲ್ಲ. ಅದೇ ತಪ್ಪು ಎರಡನೇ ಸಲ ಆಗಬಾರದು.

ಮುಂದಿನ ಸಲ ಹೋದಾಗ ಆ ಗೋಡೆಯಲ್ಲಿ ಪಿಸ್ತೂಲಿನ ಜಾಗ ಖಾಲಿಯಿರಲಿಲ್ಲ. ಪುಟ್ಟ ಗಾಜಿನ ಚೌಕಟ್ಟಿನಲ್ಲಿ ಬೆರಳುದ್ದದ, ಬಾಗಿದ ಒಂದು ಉಕ್ಕಿನ ಪಟ್ಟಿಯಿತ್ತು. ಚಕಮಕಿ ಪಿಸ್ತೂಲಿನ ಸ್ಪ್ರಿಂಗಿನ ಚಿತ್ರ ನೋಡಿ ಚಾಚಾ ತಮ್ಮ ಕೈಯಾರೆ ಮಾಡಿ, ಅರ ಹಾಕಿ, ಹದ ಕೊಟ್ಟು ತಂದದ್ದು. ಅದೊಂದರಿಂದ ಯಾರನ್ನೂ ಕೊಲ್ಲಲಾಗದು, ಯಾರೂ ಹೆದರಲಾರರು. ಗೆಳೆಯರ ಮಗಳು ಅದರ ಕೆಳಗೆ ಚಾಚಾನ ಹೆಸರನ್ನೂ ವರ್ಷವನ್ನೂ ಬರೆದಿದ್ದಳು. ವರ್ಷವನ್ನು ಮಾತ್ರ, ಹಠ ಹಿಡಿದು, ಬಲದಿಂದ ಎಡಕ್ಕೆ.